ಹಾಳೂರಿನಲ್ಲಿ ವರಪರೀಕ್ಷೆ

ಕಲ್ಲುಗಳಿಗೆ ಕಥೆ ಕಟ್ಟಿ ಹೊಟ್ಟೆ ಹೊರೆಯುವವನಿಗೆ ಮಗಳನ್ನು ಕೊಡುವ ಮಾತೇ ಇರಲಿಲ್ಲ. ಇದನ್ನು ನಾನು ಊಟಕ್ಕೆ ಕೂತಾಗ ಹೇಳಿದ್ದೆ, ಎದ್ದಾಗ ಹೇಳಿದ್ದೆ, ಕೈ ತೊಳೆಯುವಾಗ ಇನ್ನೊಮ್ಮೆ ಹೇಳಿದ್ದೆ. ಮಗಳು ಕೇಳಿಸಿಕೊಳ್ಳುತ್ತಲೇ ಊಟ ಮುಗಿಸುತ್ತಿದ್ದಳು. ಕೊನೆಗೆ ಒಂದು ದಿನ ತಟ್ಟೆಯನ್ನು ಪಕ್ಕಕ್ಕೆ ಸರಿಸಿದಳು.

"ಒಂದೇ ಒಂದ್ಸಲ ಹೋಗಿ ಅವನ ಟೂರ್ ಕೇಳಿ ಬಾ ಅಪ್ಪ. ಆಮೇಲೂ ಬೇಡ ಅನ್ನಿಸಿದ್ರೆ ಬೇಡ. ನಾನು ಮತ್ತೆ ಈ ಮಾತೇ ಎತ್ತಲ್ಲ."

ನನ್ನ ಮಗಳು ಆಡಿದ ಮಾತಿಗೆ ತಪ್ಪುವವಳಲ್ಲ. ಅಂದರೆ ಅವಳ ಮದುವೆ ಈಗ ನನ್ನ ನಾಲಿಗೆಯ ತುದಿಯಲ್ಲಿತ್ತು. ಹೋಗಿ ಬಂದು ಬೇಡ ಅಂದುಬಿಟ್ಟರೆ ಮುಗಿಯಿತು. ನನಗೆ ಇದಕ್ಕಿಂತ ಸುಲಭದ ಕೆಲಸ ಯಾರೂ ಕೊಟ್ಟಿರಲಿಲ್ಲ.

ಬೇಡ ಅನ್ನುವುದೇ ನನ್ನ ಕಸುಬು. ನಿವೃತ್ತನಾಗುವವರೆಗೂ ನಾನು ಪಿಂಗಾಣಿ ಕಾರ್ಖಾನೆಯಲ್ಲಿ ತಪಾಸಣೆಯ ಮೇಜಿನ ಮುಂದೆ ಕೂತವನು. ಭಟ್ಟಿಯಿಂದ ಬಂದ ಕಪ್ಪು-ಸಾಸರುಗಳು ಬೆಲ್ಟಿನ ಮೇಲೆ ಸಾಲಾಗಿ ಬರುತ್ತಿದ್ದವು. ಬೆರಳ ಗೆಣ್ಣಿನಿಂದ ತಟ್ಟಿ, ಕಿವಿಗೊಟ್ಟು, ಒಡಕು ದನಿ ಬಂದದ್ದನ್ನು ಎತ್ತಿ ಬುಟ್ಟಿಗೆ ಎಸೆಯಬೇಕು. ಕಣ್ಣಿಗೆ ಕಾಣದ ಬಿರುಕೂ ನನ್ನ ಗೆಣ್ಣಿಗೆ ಸಿಗುತ್ತಿತ್ತು. ಜನರನ್ನೂ ನಾನು ಹಾಗೆಯೇ ತಟ್ಟಿ ನೋಡುವುದು. ಏನು ಮಾಡಲಿ, ಮುಕ್ಕಾಲು ಪಾಲು ಜನ ಬುಟ್ಟಿಗೇ ಲಾಯಕ್ಕು. ನಮ್ಮ ಮನೆಯಲ್ಲಿ ಕಾಫಿ ಕುಡಿಯುವ ಕಪ್ಪುಗಳೂ ಆ ಬುಟ್ಟಿಯಿಂದಲೇ ಬಂದವು. ಒಂದಕ್ಕೆ ಹಿಡಿ ಸೊಟ್ಟ, ಇನ್ನೊಂದಕ್ಕೆ ಬಾಯಿ ಅಂಕುಡೊಂಕು. ಹೆಂಡತಿ ಅವನ್ನೇ ತೊಳೆದು ಜೋಡಿಸಿಡುತ್ತಾಳೆ.

ಮಗಳಿಗೆ ಕನ್ನಡಕದ ಅಂಗಡಿಯಲ್ಲಿ ಕೆಲಸ. ಗಿರಾಕಿಗಳ ಮುಖಕ್ಕೆ ಕನ್ನಡಕವನ್ನು ಸರಿಯಾಗಿ ಕೂರಿಸಿ ಕೊಡುವುದು. ನಾನು ಆ ಅಂಗಡಿಯ ಮೆಟ್ಟಿಲು ಹತ್ತಿಲ್ಲ. ಎಡಗಿವಿಯ ಹಿಂದೆ ನನ್ನ ಕನ್ನಡಕದ ಕಡ್ಡಿ ಒತ್ತಿ ಒತ್ತಿ ಜಡ್ಡುಗಟ್ಟಿದೆ. ಅಂಗಡಿಗೆ ಬಾ, ಸರಿ ಮಾಡಿ ಕೊಡುತ್ತೇನೆ ಎಂದು ಅವಳು ಕರೆಯುತ್ತಲೇ ಇದ್ದಳು. ನೂರು ಜನರ ಕಿವಿ ಮೂಗು ಮುಟ್ಟುವ ಕೆಲಸವನ್ನು ಹೋಗಿ ನೋಡುವುದೇನಿದೆ ಎಂದು ನಾನು ಹೋಗಲಿಲ್ಲ. ಆ ಗೈಡು ಅಲ್ಲಿಗೇ ಬಂದು ಗಂಟುಬಿದ್ದವನು. ಬಿಸಿಲಿನ ಕನ್ನಡಕದ ಸ್ಕ್ರೂ ಸಡಿಲವಾಗಿತ್ತಂತೆ. ಸಡಿಲವಾಗಿದ್ದದ್ದು ಕನ್ನಡಕದ ಸ್ಕ್ರೂ ಅಲ್ಲ ಎಂದು ನಾನು ಆಗಲೇ ಹೇಳಿದ್ದೆ.

ಹೊರಡುವಾಗ ಹೆಂಡತಿಗೆ ನನ್ನ ಯೋಜನೆ ವಿವರಿಸಿದೆ. ನಾವು ಯಾರೆಂದು ಅವನಿಗೆ ಗೊತ್ತಾಗಬಾರದು. ಗೊತ್ತಾದರೆ ಅಳಿಯನ ವೇಷ ಹಾಕಿಬಿಡುತ್ತಾನೆ. ಅವನಿಗೆ ಸುಳಿವು ಕೊಡುವುದಿಲ್ಲವೆಂದು ಮಗಳಿಂದ ಮಾತು ತೆಗೆದುಕೊಂಡಾಗಿದೆ. ನಾವಿಬ್ಬರೂ ಬೇರೆ ಬೇರೆ ಟಿಕೆಟ್ ಕೊಂಡು ಬೇರೆ ಬೇರೆ ನಡೆಯೋಣ, ನೀನು ಯಾರೋ ನಾನು ಯಾರೋ ಎಂದೆ.

"ಅದೇನು ಹೊಸದಲ್ಲ ಬಿಡಿ," ಎಂದಳು. ನೀರಿನ ಬಾಟಲಿ, ಟವೆಲು, ಬಿಸ್ಕತ್ತು ತುಂಬಿದ ದೊಡ್ಡ ಬ್ಯಾಗನ್ನು ಎದೆಗವಚಿಕೊಂಡು ಬಸ್ಸು ಹತ್ತಿದಳು.

ಹಾಳೂರು ಅಂದರೆ ಹಾಳೂರೇ. ಬಯಲಿನ ತುಂಬ ಕಲ್ಲು. ಮೊಣಕಾಲೆತ್ತರದ ಗೋಡೆಗಳು, ಮೂತಿ ಮುರಿದ ಕಂಬಗಳು. ತಗಡಿನ ಮಾಡಿನ ಟಿಕೆಟ್ ಕೋಣೆಯ ಮುಂದೆ ಒಂದು ಫಲಕ: ದೊಡ್ಡ ಟೂರು, ಸಣ್ಣ ಟೂರು. ಸಣ್ಣದು ಅರ್ಧ ಗಂಟೆಯದು. ಅರ್ಧ ಗಂಟೆಯಲ್ಲಿ ಒಂದು ಸಾಮ್ರಾಜ್ಯವನ್ನು ಕಟ್ಟಿ, ಆಳಿ, ಕೆಡವಿ, ಜನರನ್ನು ವಾಪಸು ಗೇಟಿಗೆ ತಂದು ಬಿಡುತ್ತಾರೆ. ಕಟ್ಟಿದವರಿಗೆ ಗೊತ್ತಿದ್ದರೆ ಅಷ್ಟೊಂದು ಕಷ್ಟ ಪಡುತ್ತಿರಲಿಲ್ಲ.

ನಮ್ಮ ಗುಂಪನ್ನು ನೋಡಿಯೇ ನನಗೆ ಸಾಕಾಯಿತು. ಹೊಸದಾಗಿ ಮದುವೆಯಾದ ಜೋಡಿಯೊಂದಿತ್ತು. ಇಬ್ಬರೂ ಒಂದೇ ಫೋನಿನಲ್ಲಿ ತಮ್ಮ ಮುಖ ತಾವೇ ನೋಡಿಕೊಳ್ಳುತ್ತಿದ್ದರು. ಒಬ್ಬ ದಢೂತಿ ಆಸಾಮಿ ತನ್ನ ಹೊಟ್ಟೆಯ ಮೇಲೆ ಕ್ಯಾಮೆರಾ ಇಟ್ಟುಕೊಂಡು ನಡೆಯುತ್ತಿದ್ದ. ಹೊಟ್ಟೆ ಮೊದಲು ಬರುತ್ತಿತ್ತು, ಆಮೇಲೆ ಕ್ಯಾಮೆರಾ, ಅದಾದ ಮೇಲೆ ಅವನು. ನಿವೃತ್ತ ಮೇಷ್ಟ್ರೊಬ್ಬರು ಗೈಡು ಬಾಯಿ ತೆರೆಯುವ ಮೊದಲೇ ಹೌದು ಹೌದು ಎಂದು ತಲೆಯಾಡಿಸುತ್ತಿದ್ದರು. ಇವರ ನಡುವೆ ಬ್ಯಾಗು ತಬ್ಬಿಕೊಂಡ ನನ್ನ ಹೆಂಡತಿ. ಎಲ್ಲರಿಗಿಂತ ಹಿಂದೆ ನಾನು.

ಹುಡುಗ ಬಂದ. ಇಸ್ತ್ರಿ ಮಾಡಿದ ಶರ್ಟು, ಕೈಯಲ್ಲಿ ಕೆಂಪು ಬಟ್ಟೆ ಕಟ್ಟಿದ ಕೋಲು. ದನಿಯೋ, ಬೆಣ್ಣೆಯಲ್ಲಿ ಅದ್ದಿ ತೆಗೆದ ಹಾಗಿತ್ತು. ಸರ್, ಮೇಡಂ, ಅಮ್ಮಾ, ಹುಷಾರು, ಇಲ್ಲಿ ಕಲ್ಲು ಜಾರುತ್ತೆ ಎಂದು ಒಬ್ಬೊಬ್ಬರನ್ನೂ ಕೈ ಹಿಡಿದು ಇಳಿಸಿದ. ಇಷ್ಟು ಮರ್ಯಾದೆ ಯಾವತ್ತೂ ಒಳ್ಳೆಯ ಲಕ್ಷಣವಲ್ಲ. ಮೆರುಗು ದಪ್ಪ ಹಚ್ಚಿದ ಕಪ್ಪಿನಲ್ಲೇ ಬಿರುಕು ಅಡಗಿರುವುದು.

ಮೊದಲು ಸಭಾಂಗಣ ಎಂಬ ಚೌಕ. ಅಲ್ಲೊಂದು ಬಂಡೆ ತೋರಿಸಿ ರಾಜ ಇಲ್ಲೇ ಕೂರುತ್ತಿದ್ದ ಎಂದ. ನವಜೋಡಿಯನ್ನು ಅದರ ಮೇಲೆ ಕೂರಿಸಿ, ಇವತ್ತು ನೀವೇ ರಾಜ ರಾಣಿ ಎಂದ. ಅವರು ಹಲ್ಲು ಗಿಂಜಿದರು, ದಢೂತಿ ಫೋಟೋ ಹೊಡೆದ. ನಾನು ಆ ಸಿಂಹಾಸನವನ್ನು ಗೆಣ್ಣಿನಿಂದ ತಟ್ಟಿ ನೋಡಿದೆ. ಅರ್ಧಕ್ಕರ್ಧ ಸಿಮೆಂಟು. ರಾಜ ಸತ್ತು ಎಷ್ಟೋ ಕಾಲದ ಮೇಲೆ ಯಾವನೋ ಕಂಟ್ರಾಕ್ಟರು ಅವನಿಗೆ ಕೂರಲು ಜಾಗ ಮಾಡಿಕೊಟ್ಟಿದ್ದ.

ಆಮೇಲೆ ಒಂದು ಗೋಡೆ. ಇದರ ಮುಂದೆ ನಿಂತು ಚಪ್ಪಾಳೆ ಹೊಡೆದರೆ ರಾಜನ ಕಾಲದ ಗೋಡೆ ಉತ್ತರ ಕೊಡುತ್ತದಂತೆ. ಎಲ್ಲರೂ ಹೊಡೆದರು. ವಯಸ್ಸಾದ ಮೇಷ್ಟ್ರು ಎರಡು ಸಲ ಹೊಡೆದರು. ನನ್ನ ಹೆಂಡತಿ ಬ್ಯಾಗನ್ನು ಕಂಕುಳಿಗೆ ಸಿಕ್ಕಿಸಿಕೊಂಡು ಹೊಡೆದಳು. ಯಾವ ಗೋಡೆಯ ಮುಂದೆ ಹೊಡೆದರೂ ಅಷ್ಟು ಸದ್ದು ಬಂದೇ ಬರುತ್ತದೆ. ನಾನು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡೆ.

ಗಾಜಿನ ಪೆಟ್ಟಿಗೆಯೊಂದರಲ್ಲಿ ಒಡೆದ ಮಡಕೆ ಚೂರುಗಳನ್ನು ಇಟ್ಟಿದ್ದರು. ಅವುಗಳಿಗೆ ಬೀಗ, ದೀಪ, ಒಬ್ಬ ಕಾವಲುಗಾರ. ಇಂಥ ಸರಕನ್ನು ನಮ್ಮ ಕಾರ್ಖಾನೆಯಿಂದ ಲಾರಿಗಟ್ಟಲೆ ಗುಂಡಿಗೆ ಸುರಿಸಿದ್ದೇನೆ. ಮುಂದೊಂದು ಕಾಲದಲ್ಲಿ ಅದನ್ನೂ ಯಾರೋ ಅಗೆದು ತೆಗೆದು ದೀಪ ಹಾಕಿ ಇಡುತ್ತಾರೆ, ಇಂಥದೇ ಒಬ್ಬ ಬೆಣ್ಣೆ ಬಾಯಿಯವನು ಅದರ ಮುಂದೆ ಕೋಲು ಆಡಿಸುತ್ತಾನೆ ಎನ್ನಿಸಿತು. ಮನುಷ್ಯರು ಸರಕು ಚೆನ್ನಾಗಿರುವಾಗ ನೋಡುವುದಿಲ್ಲ.

ಕೊನೆಯದು ಮನೆಗಳ ಬೀದಿ. ಎರಡೂ ಬದಿಗೆ ಗೋಡೆಯ ಬುಡಗಳು. ಇಲ್ಲಿ ಅರಮನೆಯ ನೌಕರರು ಸಂಸಾರ ಮಾಡಿಕೊಂಡಿದ್ದರು ಎಂದು ಗೈಡು ಹೇಳುತ್ತಿದ್ದಾಗ ನನ್ನ ಹೆಂಡತಿ ಒಂದು ಹೆಜ್ಜೆ ಮುಂದೆ ಬಂದಳು. ತಲೆ ಒಂದು ಕಡೆ ವಾಲಿಸಿ ಕೇಳಿಯೇಬಿಟ್ಟಳು.

"ಇಲ್ಲಿದ್ದ ಹೆಂಗಸರು ನೀರು ಎಲ್ಲಿಂದ ತರ್ತಿದ್ರು?"

ನನಗೆ ನಾಚಿಕೆಯಾಗಿ ಕಂಬದ ಕಡೆ ತಿರುಗಿದೆ. ಸಾಮ್ರಾಜ್ಯ ಎದುರಿಗಿದ್ದಾಗ ನಲ್ಲಿಯ ಚಿಂತೆ. ಆದರೆ ಹುಡುಗ ಕೋಲನ್ನು ಕೆಳಗಿಳಿಸಿ ಅವಳತ್ತ ಬಾಗಿದ. ನಾನು ಇಷ್ಟು ವರ್ಷದಿಂದ ಟೂರು ಮಾಡುತ್ತಿದ್ದೇನೆ, ಈ ಪ್ರಶ್ನೆ ಯಾರೂ ಕೇಳಿರಲಿಲ್ಲ ಅಮ್ಮ, ಕೇಳಬೇಕಾದ ಪ್ರಶ್ನೆ ಇದೊಂದೇ ಎಂದ. ದೂರದ ಬಾವಿ ತೋರಿಸಿ, ಅಷ್ಟು ದೂರದಿಂದ ಹೊತ್ತು ತಂದ ಹೆಂಗಸರ ಹೆಸರು ಯಾವ ಕಲ್ಲಿನ ಮೇಲೂ ಇಲ್ಲ ಎಂದು ದನಿ ಇಳಿಸಿದ. ನನ್ನವಳ ಮುಖ ಅರಳಿತು. ಅವಳ ಮುಖ ಹಾಗೆ ಅರಳಿದ್ದನ್ನು ನಾನು ನೋಡಿ ಬಹಳ ಕಾಲವಾಗಿತ್ತು. ಎಂಥ ಖದೀಮ ಎಂದುಕೊಂಡೆ. ಇವನನ್ನು ಎತ್ತಿ ಬುಟ್ಟಿಗೆ ಎಸೆಯಲು ಇಷ್ಟು ಸಾಕಾಗಿತ್ತು.

ಟೂರು ಮುಗಿಯಿತು. ಹೆಂಡತಿ ಮರದ ನೆರಳಲ್ಲಿ ಚಪ್ಪಲಿ ಬಿಚ್ಚಿ ಕೂತಳು. ಬಸ್ಸಿಗೆ ಇನ್ನೂ ಹೊತ್ತಿತ್ತು. ನಾನು ಮುಖ ತೊಳೆಯಲು ನೀರು ಹುಡುಕಿಕೊಂಡು ಟಿಕೆಟ್ ಕೋಣೆಯ ಹಿಂಬದಿಗೆ ಹೋದೆ. ಅಲ್ಲಿ ನಲ್ಲಿಯ ಪಕ್ಕ ಕಲ್ಲಿನ ಮೇಲೆ ಟಿಕೆಟ್ ಕೊಡುವವನು ಕೂತಿದ್ದ. ಅವನ ಮುಂದೆ ನಮ್ಮ ಗೈಡು ಹೊಟ್ಟೆ ಉಬ್ಬಿಸಿ, ಇಲ್ಲದ ಕ್ಯಾಮೆರಾವನ್ನು ಅದರ ಮೇಲೆ ಇಟ್ಟುಕೊಂಡು, ಒಂದೊಂದೇ ಹೆಜ್ಜೆ ಹಾಕುತ್ತಿದ್ದ.

ಥೇಟ್ ದಢೂತಿಯೇ. ಹೊಟ್ಟೆ ಮೊದಲು, ಕ್ಯಾಮೆರಾ ಆಮೇಲೆ, ಮನುಷ್ಯ ಕೊನೆಗೆ. ನಾನು ನೋಡಿದ್ದನ್ನೇ ಅವನೂ ನೋಡಿದ್ದ. ನನಗೆ ತಡೆಯಲಾರದ ನಗು ಬಂತು. ಹುಡುಗ ಬೆಚ್ಚಿ ತಿರುಗಿ, ಸರ್ ಸರ್ ಎಂದು ಮತ್ತೆ ಬೆಣ್ಣೆ ಹಚ್ಚಲು ಹೊರಟ. ನಿಲ್ಲಿಸಬೇಡಿ, ಮೇಷ್ಟ್ರನ್ನು ಮಾಡಿ ಎಂದೆ. ಅವನು ಒಂದು ಗಳಿಗೆ ನನ್ನನ್ನು ಅಳೆದು ನೋಡಿದ. ಆಮೇಲೆ ಮೇಷ್ಟ್ರಾದ. ನವಜೋಡಿಯಾದ, ಒಬ್ಬನೇ ಇಬ್ಬರೂ ಆದ. ನಾನು ಕಲ್ಲಿನ ಮೇಲೆ ಕೂತುಬಿಟ್ಟೆ. ಸಿಂಹಾಸನದ ಸಿಮೆಂಟಿನ ಸಂಗತಿ ಹೇಳಿದೆ. ಅದು ಅವನಿಗೂ ಗೊತ್ತಿತ್ತು. ನಾವು ಕಿವಿ ಮೇಲೆ ಹೂ ಇಡೋದಲ್ಲ ಸರ್, ಅವರೇ ಕಿವಿ ತೋರಿಸ್ತಾರೆ ಎಂದ. ಇಷ್ಟು ವರ್ಷ ನಾನು ಜನರನ್ನು ನೋಡಿ ಒಬ್ಬನೇ ಒಳಗೊಳಗೆ ನಗುತ್ತಾ ಬಂದಿದ್ದೆ. ಜೊತೆಗೊಬ್ಬ ಸಿಕ್ಕಿದರೆ ಎಷ್ಟು ಹಗುರವಾಗುತ್ತದೆ ಎಂಬುದೇ ಗೊತ್ತಿರಲಿಲ್ಲ. ನಿಜವಾಗಿಯೂ ಸಂತೋಷವಾಯಿತು.

ಅಷ್ಟರಲ್ಲಿ ಅವನು ಮೂಲೆಯಲ್ಲಿದ್ದ ಚೀಲವೊಂದನ್ನು ಎದೆಗವಚಿಕೊಂಡು, ತಲೆ ಒಂದು ಕಡೆ ವಾಲಿಸಿ, ಕಣ್ಣು ಪಿಳಿಪಿಳಿ ಬಿಟ್ಟ.

"ಹೆಂಗಸರು ನೀರು ಎಲ್ಲಿಂದ ತರ್ತಿದ್ರು?"

"ಇವತ್ತೂ ಬಂತಾ?" ಎಂದ ಟಿಕೆಟ್ಟಿನವನು.

"ದಿನಾ ಒಬ್ಬಳಾದ್ರೂ ಕೇಳ್ತಾಳೆ."

ಅದು ನನ್ನ ಹೆಂಡತಿ. ಅದೇ ವಾಲು, ಅದೇ ಬ್ಯಾಗು, ಮಾತಿನ ಕೊನೆಯಲ್ಲಿ ಅದೇ ಸಣ್ಣ ಏರು. ನಾವಿಬ್ಬರೂ ಒಟ್ಟಿಗೆ ಬಂದವರೆಂದು ಅವನಿಗೆ ಗೊತ್ತಿರಲಿಲ್ಲ, ಅದು ನನ್ನದೇ ಏರ್ಪಾಡು. ನಾನು ನಕ್ಕೆ. ಬಾಯಿ ಮುಚ್ಚಿಕೊಂಡು ನಕ್ಕದ್ದಲ್ಲ, ಹೊಟ್ಟೆ ಹಿಡಿದುಕೊಂಡೇ ನಕ್ಕೆ.

ಆ ಗಲ್ಲ ಹಿಡಿಯೋದು ಒಂದು ಮಾಡಪ್ಪ, ಇವರೂ ನೋಡಲಿ ಎಂದು ಟಿಕೆಟ್ಟಿನವನು ದುಂಬಾಲು ಬಿದ್ದ. ಹುಡುಗ ಮೊದಲು ಒಲ್ಲೆನೆಂದ. ಆಮೇಲೆ ಎರಡು ಬೆರಳಿನಿಂದ ಟಿಕೆಟ್ಟಿನವನ ಗಲ್ಲ ಹಿಡಿದೆತ್ತಿ, ಒಂದು ಕಣ್ಣು ಮುಚ್ಚಿ, ನಾಲಿಗೆಯ ತುದಿಯನ್ನು ತುಟಿಯ ಮೂಲೆಯಲ್ಲಿ ಹೊರಗೆ ಬಿಟ್ಟು, ಉಸಿರು ಬಿಗಿಹಿಡಿದು ಅವನ ಮೂಗಿನ ನೇರಕ್ಕೆ ದಿಟ್ಟಿಸಿದ. ಕೀರಲು ದನಿಯಲ್ಲಿ, "ಅಲ್ಲಾಡಬಾರದು. ಈಗ ನೋಡಿ, ಲೋಕ ನೆಟ್ಟಗಾಯ್ತಾ?" ಎಂದ.

ಯಾರನ್ನು ಅಣಕಿಸುತ್ತಿದ್ದಾನೋ ನನಗೆ ಗೊತ್ತಾಗಲಿಲ್ಲ. ಯಾವಳೋ ಹಲ್ಲು ಕೀಳುವವಳಿರಬೇಕು ಎಂದುಕೊಂಡೆ. ಯಾರಾದರೇನು, ತನ್ನ ಚಿಕ್ಕ ಕೆಲಸವನ್ನೇ ಬೆಟ್ಟದಷ್ಟು ದೊಡ್ಡದೆಂದು ತಿಳಿದ ಬೆಪ್ಪುತಕ್ಕಡಿ ಒಬ್ಬಳು ಕಣ್ಣ ಮುಂದೆ ನಿಂತಳು. ನಗು ಒತ್ತರಿಸಿ ಬಂದು ಬಗ್ಗಿಬಿಟ್ಟೆ, ಕನ್ನಡಕ ಕಳಚಿ ಕಲ್ಲಿನ ಮೇಲೆ ಬಿತ್ತು. ಗಾಜು ಉಳಿಯಿತು, ಕಡ್ಡಿ ಸೊಟ್ಟಗಾಯಿತು. ಹುಡುಗನೇ ಎತ್ತಿ ಒರೆಸಿ ಕೊಟ್ಟು, "ಸರ್, ನೀವು ನಮ್ಮೋರು," ಎಂದ.

ಸೊಟ್ಟ ಕನ್ನಡಕದಲ್ಲೇ ಬಸ್ಸು ಹತ್ತಿದೆ. ಅಳಿಯ ಅಂದರೆ ಇವನೇ ಎಂದು ತೀರ್ಮಾನಿಸಿಯಾಗಿತ್ತು. ಈಗ ಹೆಂಡತಿಯ ಪಕ್ಕದಲ್ಲೇ ಕೂತೆ. ಅವಳೂ ಖುಷಿಯಲ್ಲಿದ್ದಳು. ಎಷ್ಟು ಮರ್ಯಾದಸ್ಥ ಹುಡುಗ, ನಾನು ಕೇಳಿದ್ದನ್ನು ಎಷ್ಟು ಗೌರವದಿಂದ ಕೇಳಿಸಿಕೊಂಡ, ನಮ್ಮ ಮಾತನ್ನು ಹಾಗೆ ಕೇಳುವವರು ಎಲ್ಲಿದ್ದಾರೆ ಎಂದಳು. ನನಗೆ ಮತ್ತೆ ನಗು ಉಕ್ಕಿತು. ಎಲ್ಲವನ್ನೂ ಹೇಳಿದೆ. ದಢೂತಿ, ಮೇಷ್ಟ್ರು, ಜೋಡಿ. ಆಮೇಲೆ ಅವಳ ಬ್ಯಾಗನ್ನೇ ತೆಗೆದುಕೊಂಡು ಎದೆಗವಚಿ, ತಲೆ ವಾಲಿಸಿ, ನೀರಿನ ಪ್ರಶ್ನೆ ಕೇಳಿ ತೋರಿಸಿದೆ. ದಿನಾ ಒಬ್ಬಳು ಕೇಳುತ್ತಾಳಂತೆ ಎಂಬುದನ್ನೂ ಬಿಡಲಿಲ್ಲ.

ಅವಳು ನೋಡಿದಳು. ಬ್ಯಾಗನ್ನು ನನ್ನ ಕೈಯಿಂದ ಇಸಿದುಕೊಂಡು ತೊಡೆಯ ಮೇಲಿಟ್ಟುಕೊಂಡಳು.

"ನೀವೇನ್ ಮಾಡಿದ್ರಿ?"

"ನಗದೆ ಇರೋಕಾಗುತ್ತಾ? ಪಕ್ಕಾ ನಿನ್ನ ಥರಾನೇ ಮಾಡ್ದ. ನನಗೆ ಹುಡುಗ ಹಿಡಿಸಿದ. ನನ್ನ ಥರದವನೇ."

ಅವಳು ಕಿಟಕಿಯ ಕಡೆ ತಿರುಗಿದಳು. ನಮ್ಮ ಸ್ಟಾಪು ಬಂತು. ಇಳಿಯಲು ಎದ್ದಾಗ ಬೆನ್ನು ಮಾಡಿಕೊಂಡೇ ಹೇಳಿದಳು.

"ನಿಮ್ಮಂಥವರು ಮನೆಗೊಬ್ಬರು ಸಾಕು ರೀ."

ನನಗೆ ರೇಗಿತು. ಒಪ್ಪದಿದ್ದಾಗಲೂ ನಾನೇ ತಪ್ಪಿತಸ್ಥ, ಒಪ್ಪಿದಾಗಲೂ ನಾನೇ. ಹಾಸ್ಯವನ್ನು ಹಾಸ್ಯವೆಂದು ತಿಳಿಯದ ಜನರ ಜೊತೆ ಬಾಳುವುದು ಒಂದು ಶಿಕ್ಷೆ. ಮನೆಯವರೆಗೂ ಅವಳಿಗಿಂತ ನಾಲ್ಕು ಹೆಜ್ಜೆ ಮುಂದೆಯೇ ನಡೆದೆ.

ಮಗಳು ಬಾಗಿಲಲ್ಲೇ ನಿಂತಿದ್ದಳು. ಕೆಲಸದಿಂದ ಬೇಗ ಬಂದಿದ್ದಳು, ಅಂಗಡಿಯ ನೀಲಿ ಕೋಟನ್ನೂ ಬಿಚ್ಚಿರಲಿಲ್ಲ. ನಾನು ಕುರ್ಚಿಯಲ್ಲಿ ಕೂತು, ನೀರು ಕುಡಿದು, ನನಗೆ ಒಪ್ಪಿಗೆ ಎಂದೆ. ಅವಳಿಗೆ ನಂಬಿಕೆಯೇ ಬರಲಿಲ್ಲ. ನನ್ನ ಬಾಯಿಂದ ಒಪ್ಪಿಗೆ ಅನ್ನುವ ಮಾತು ಆ ಮನೆಯಲ್ಲಿ ಹಿಂದೆ ಯಾವಾಗ ಬಿದ್ದಿತ್ತೋ. ಓಡಿಹೋಗಿ ಅಮ್ಮನ ಕೈ ಹಿಡಿದುಕೊಂಡಳು.

ಅಮ್ಮ ಬ್ಯಾಗಿನಿಂದ ಖಾಲಿ ಬಾಟಲಿ ತೆಗೆಯುತ್ತಾ, ನಿಮ್ಮಪ್ಪನಿಗೆ ಅವನು ಹಿಡಿಸಿದ್ದಾನೆ, ನನ್ನನ್ನು ಅಣಕಿಸಿದನಂತೆ, ಇವರು ನಕ್ಕರಂತೆ ಎಂದು ತಣ್ಣಗೆ ಹೇಳಿದಳು. ಮಗಳ ಮುಖ ಒಂದು ಕ್ಷಣ ಸಣ್ಣದಾಯಿತು. ಆಮೇಲೆ ನಕ್ಕು ಸಮಾಧಾನ ಮಾಡಲು ನೋಡಿದಳು. ಅವನ ಮನಸ್ಸು ಕೆಟ್ಟದ್ದಲ್ಲಮ್ಮ, ಅವನು ಎಲ್ಲರನ್ನೂ ಮಾಡುತ್ತಾನೆ, ಅವನ ಅಕ್ಕನನ್ನು, ನಮ್ಮ ಅಂಗಡಿಯ ಮಾಲೀಕರನ್ನು ಮಾಡಿದರೆ ನೀನೂ ನಕ್ಕು ಸುಸ್ತಾಗುತ್ತೀಯ ಎಂದಳು.

"ನನ್ನೊಬ್ಬಳನ್ನ ಮಾತ್ರ ಮಾಡಲ್ಲ," ಎಂದು ಸೇರಿಸಿದಳು. "ಎಷ್ಟು ಹುಡುಕಿದ್ರೂ ನಿನ್ನಲ್ಲಿ ಅಣಕಿಸೋಕೆ ಏನೂ ಸಿಗಲ್ಲ ಅಂತಾನೆ."

ಹೇಳುವಾಗ ಅವಳ ಕಿವಿ ಕೆಂಪಾಯಿತು. ಮಗಳು ನನ್ನತ್ತ ತಿರುಗಿದವಳು ಕನ್ನಡಕ ನೋಡಿದಳು. ಇದೇನಪ್ಪ, ಮೂಗಿನ ಮೇಲೆ ನರ್ತನ ಮಾಡುತ್ತಿದೆ ಎಂದವಳೇ, ನಾನು ಬೇಡ ಅನ್ನುವ ಮೊದಲೇ ತೆಗೆದುಕೊಂಡಳು. ಕೋಟಿನ ಜೇಬಿನಿಂದ ಸಣ್ಣ ಸ್ಕ್ರೂಡ್ರೈವರ್ ತೆಗೆದು ಸ್ಕ್ರೂ ಬಿಗಿ ಮಾಡಿದಳು. ಕಡ್ಡಿಯನ್ನು ಎರಡೂ ಕೈಯಲ್ಲಿ ಹಿಡಿದು ಮೆಲ್ಲಗೆ ಬಗ್ಗಿಸಿದಳು. ಬಟ್ಟೆಯಿಂದ ಗಾಜು ಒರೆಸಿದಳು. ಕನ್ನಡಕ ಹಾಕಿ, ಎರಡು ಬೆರಳಿನಿಂದ ನನ್ನ ಗಲ್ಲ ಹಿಡಿದೆತ್ತಿದಳು.

ಒಂದು ಕಣ್ಣು ಮುಚ್ಚಿದಳು. ನಾಲಿಗೆಯ ತುದಿ ತುಟಿಯ ಮೂಲೆಯಲ್ಲಿ ಇಣುಕಿತು. ಉಸಿರು ಬಿಗಿಹಿಡಿದು ನನ್ನ ಮೂಗಿನ ನೇರಕ್ಕೆ ದಿಟ್ಟಿಸಿದಳು.

"ಅಲ್ಲಾಡಬಾರದು. ಈಗ ನೋಡು, ಲೋಕ ನೆಟ್ಟಗಾಯ್ತಾ?"

ದನಿ ಕೀರಲಾಗಿರಲಿಲ್ಲ. ಮೆತ್ತಗಿತ್ತು. ಹತ್ತಿರದಿಂದ ಅವಳ ಉಸಿರಿನ ಬಿಸಿ ತಾಗುತ್ತಿತ್ತು. ನೂರು ಗಿರಾಕಿಗಳ ಮುಖವನ್ನು ಹೀಗೇ ಹಿಡಿದು, ಹೀಗೇ ಉಸಿರು ಕಟ್ಟಿ, ಒಬ್ಬೊಬ್ಬರ ಲೋಕವನ್ನೂ ನೆಟ್ಟಗೆ ಮಾಡಿ ಕಳಿಸುತ್ತಿದ್ದಾಳೆ ನನ್ನ ಮಗಳು. ಅದನ್ನು ನಾನು ಮೊದಲ ಸಲ ನೋಡಿದ್ದು ಆ ನಲ್ಲಿಯ ಪಕ್ಕದಲ್ಲಿ, ಟಿಕೆಟ್ಟಿನವನ ಗಲ್ಲದ ಮೇಲೆ.

"ಆ ಹುಡುಗ ಬೇಡ," ಎಂದೆ.

ಅವಳು ಗಲ್ಲದಿಂದ ಕೈ ತೆಗೆದಳು. ಈಗಷ್ಟೇ ಒಪ್ಪಿಗೆ ಅಂದೆಯಲ್ಲಪ್ಪ, ಇದೇನು ಹುಡುಗಾಟ, ಯಾಕೆ ಬೇಡ ಎಂದು ಕೇಳಿದಳು. ಬೇಡ ಅನ್ನುವುದಕ್ಕೆ ನನಗೆ ಯಾವತ್ತೂ ಕಾರಣ ಹುಡುಕಬೇಕಾಗಿ ಬಂದಿಲ್ಲ. ಎಲ್ಲದಕ್ಕೂ ಒಂದು ಬಿರುಕು ತೋರಿಸಿ ಬಿಸಾಕಿದವನು ನಾನು. ಅವನು ಸುಳ್ಳ, ಬೊಗಳೆ ಬಿಡುತ್ತಾನೆ, ಸಿಂಹಾಸನ ಸಿಮೆಂಟಿನದು ಎಂದು ಏನಾದರೂ ಹೇಳಿ ತಪ್ಪಿಸಿಕೊಳ್ಳಬಹುದಿತ್ತು. ಹೆಂಡತಿ ಬಾಟಲಿ ಹಿಡಿದು ನಿಂತಲ್ಲೇ ನಿಂತಿದ್ದಳು. ನನ್ನ ಮುಖ ನೋಡಿಯೇ ಅವಳಿಗೆ ಏನೋ ಹೊಳೆದಿತ್ತು.

"ಹೇಳಿ ಅವಳಿಗೆ," ಎಂದಳು.

ಹೇಳಿದೆ. ನಲ್ಲಿಯ ಹತ್ತಿರ ಟಿಕೆಟ್ಟಿನವನು ಏನು ಕೇಳಿದ, ಗೈಡು ಯಾರ ಗಲ್ಲ ಹಿಡಿದ, ಯಾವ ಕಣ್ಣು ಮುಚ್ಚಿದ, ಯಾವ ಮಾತು ಆಡಿದ ಎಲ್ಲವನ್ನೂ ಹೇಳಿದೆ. ಯಾರೆಂದು ಆಗ ನನಗೆ ತಿಳಿಯಲಿಲ್ಲ ಎಂದೂ ಹೇಳಿದೆ. ಈ ಸಲ ಏನನ್ನೂ ಮಾಡಿ ತೋರಿಸಲಿಲ್ಲ. ಅವಳು ಸ್ಕ್ರೂಡ್ರೈವರನ್ನು ಬೆರಳುಗಳ ನಡುವೆ ತಿರುಗಿಸುತ್ತಾ ಕೇಳಿಸಿಕೊಂಡಳು. ಆಮೇಲೆ ಅದನ್ನು ಜೇಬಿಗೆ ಹಾಕಿಕೊಂಡಳು. ಅವನ ಬಗ್ಗೆ ಒಂದು ಮಾತೂ ಕೇಳಲಿಲ್ಲ.

"ನೀನೂ ನಕ್ಯಾ, ಅಪ್ಪ?"

ಕನ್ನಡಕ ಸರಿಯಾಗಿ ಕೂತಿತ್ತು. ಎಡಗಿವಿಯ ಹಿಂದೆ ಅಷ್ಟು ವರ್ಷ ಒತ್ತುತ್ತಿದ್ದದ್ದು ಈಗ ಒತ್ತುತ್ತಿರಲಿಲ್ಲ. ಎದುರಿಗಿದ್ದ ಮುಖ ಚೆನ್ನಾಗಿ ಕಾಣುತ್ತಿತ್ತು.

ಹೂಂ ಎಂದೆ.